ಥೊವಾ ಅಕ್ಕನ ಕೈಗುಣ

ಬೆಳಗಿನ ಆರು ಗಂಟೆ. ಹೈಫಾಂಗ್ ರೈಲು ನಿಲ್ದಾಣದ ಹಿಂಬದಿಯ ಗಲ್ಲಿಯ ಮೂಲೆಯಲ್ಲಿ ಥೊವಾ ನಿಂತಿದ್ದಾರೆ. ಹೊಸ ವರ್ಷದ ತೇತ್ ಹಬ್ಬ ಮುಗಿದ ಮೇಲೆ ಹಿಡಿದುಕೊಳ್ಳುವ ಜಿಟಿಜಿಟಿ ಮಳೆ ಇದು. ಹನಿ ಬೀಳುವುದು ಕಣ್ಣಿಗೆ ಕಾಣುವುದಿಲ್ಲ, ಆದರೆ ಕೂದಲು, ಹುಬ್ಬು, ಚೀಲದ ಪಟ್ಟಿ ಎಲ್ಲವೂ ಒದ್ದೆ. ಬೆನ್ನ ಹಿಂದೆ ನಾಲ್ವರು ಪ್ರವಾಸಿಗರು ತೆಳು ಪ್ಲಾಸ್ಟಿಕ್ಕಿನ ಮಳೆಯಂಗಿಯೊಳಗೆ ಮುದುಡಿಕೊಂಡಿದ್ದಾರೆ: ಹಾಲೆಂಡಿನಿಂದ ಬಂದ ವಯಸ್ಸಾದ ಗಂಡ ಹೆಂಡತಿ, ಕೊರಿಯಾದ ಇಬ್ಬರು ಹುಡುಗಿಯರು. ಕೂಗಿದರೆ ಕೇಳುವಷ್ಟು ದೂರದಲ್ಲಿ ಏಡಿ ಸಾರಿನ ಅಂಗಡಿ. ಪಾತ್ರೆಯ ಮುಚ್ಚಳ ತೆಗೆದಾಗಲೆಲ್ಲ ಆವಿಯ ಜೊತೆ ಹುರಿದ ಈರುಳ್ಳಿಯ ಘಮ ಇಲ್ಲಿಯವರೆಗೂ ಬರುತ್ತದೆ. ಪ್ಲಾಸ್ಟಿಕ್ಕಿನ ಗಿಡ್ಡ ಸ್ಟೂಲುಗಳೆಲ್ಲ ಖಾಲಿ ಇವೆ. ಆದರೂ ಥೊವಾ ತಮ್ಮ ಜನರನ್ನು ಅತ್ತ ಬಿಡುತ್ತಿಲ್ಲ.

"ಅಂಗಡಿ ಮುಚ್ಚಿದೆಯಾ?" ಹಾಲೆಂಡಿನ ಮುದುಕ ಕೇಳುತ್ತಾನೆ.

"ಇಲ್ಲ, ತೆರೆದಿದೆ."

"ಅಡುಗೆ ಆಗಿಲ್ವಾ?"

"ಆಗಿದೆ. ಇನ್ನೈದು ನಿಮಿಷ ಅಷ್ಟೇ."

"ಆಗಲೂ ಐದು ನಿಮಿಷ ಅಂದ್ರಿ," ಎಂದು ಹೆಂಡತಿ ನಗುತ್ತಾಳೆ. ಒಳ್ಳೆಯ ಹೆಂಗಸು, ಇಷ್ಟು ಚಳಿಯಲ್ಲೂ ನಗಬಲ್ಲಳು. ಥೊವಾ ಕೂಡ ನಗುತ್ತಾರೆ. ಆ ನಗು ಕೆಲಸದ ನಗು, ಕಣ್ಣಿನವರೆಗೆ ಹೋಗುವುದಿಲ್ಲ. ಆಕೆಯ ಕಣ್ಣು ಗಲ್ಲಿಯ ಆ ತುದಿಯಲ್ಲಿದೆ. ಯಾರಾದರೂ ಬರಬೇಕು. ಬಂದರಿನ ಕೂಲಿಯೋ, ಶಾಲೆಗೆ ಹೊರಟ ಮೇಷ್ಟರೋ, ಯಾರಾದರೂ ಒಬ್ಬರು ಬಂದು ಒಂದು ಬಟ್ಟಲು ತಿಂದು ಕಾಸು ಕೊಟ್ಟು ಎದ್ದು ಹೋಗಬೇಕು. ಅಲ್ಲಿಯವರೆಗೆ ಈ ನಾಲ್ವರೂ ಥೊವಾರೂ ಆ ಅಂಗಡಿಯ ಹತ್ತಿರ ಸುಳಿಯುವ ಹಾಗಿಲ್ಲ.

ಕಾರಣ ಬೋಣಿ. ದಿನದ ಮೊದಲ ಗಿರಾಕಿ ಹೇಗೋ ಇಡೀ ದಿನದ ವ್ಯಾಪಾರ ಹಾಗೆ ಎಂದು ಇಲ್ಲಿನ ಬೀದಿ ವ್ಯಾಪಾರಿಗಳ ನಂಬಿಕೆ. ಆತ ಚೌಕಾಸಿ ಮಾಡಿದನೋ, ಬೆಲೆ ಕೇಳಿ ಹಾಗೇ ಮುಂದೆ ಹೋದನೋ, ಬಟ್ಟಲಲ್ಲಿ ಅರ್ಧ ಬಿಟ್ಟು ಎದ್ದನೋ, ಅವತ್ತಿನ ಕಥೆ ಮುಗಿಯಿತು. ಅಂಗಡಿಯಾಕೆ ಒಂದು ಚೂರು ಕಾಗದಕ್ಕೆ ಬೆಂಕಿ ಹಚ್ಚಿ ಒಲೆ, ಬುಟ್ಟಿ, ಸ್ಟೂಲುಗಳಿಗೆಲ್ಲ ನಿವಾಳಿಸುತ್ತಾಳೆ. ಕೋಪ ಜಾಸ್ತಿ ಇದ್ದರೆ ನಾಲ್ಕು ಬೈಗುಳವನ್ನೂ ಸೇರಿಸುತ್ತಾಳೆ. ಈಗ ತಿಂಡಿ ಸುತ್ತಾಟಕ್ಕೆ ಬಂದ ಪ್ರವಾಸಿಗರ ಪಾಡು ನೋಡಿ. ಒಂದೇ ಬೆಳಿಗ್ಗೆ ಐದಾರು ಕಡೆ ತಿನ್ನಬೇಕಾದವರು ಅವರು, ಎಲ್ಲಿಯೂ ಹೊಟ್ಟೆ ತುಂಬಿಸಿಕೊಳ್ಳುವಂತಿಲ್ಲ. ಒಂದು ಬಟ್ಟಲನ್ನು ಇಬ್ಬರು ಹಂಚಿಕೊಂಡು, ನಾಲ್ಕು ಎಳೆ ಶಾವಿಗೆ ಎಳೆದು, ಬೇಕಾದಷ್ಟು ಫೋಟೊ ಹೊಡೆದು, ಉಳಿದದ್ದನ್ನು ಅಲ್ಲೇ ಬಿಟ್ಟು ಏಳುತ್ತಾರೆ. ಅಂಥವರ ಕೈಯಲ್ಲಿ ಬೋಣಿ ಮಾಡಿಸಿಕೊಳ್ಳಲು ಯಾರಿಗೆ ಧೈರ್ಯ ಬಂದೀತು?

ಹಾಗಾಗಿ ಇಷ್ಟು ವರ್ಷ ಈ ಗಲ್ಲಿಯ ಬೋಣಿ ಮಾಡುತ್ತಿದ್ದವರು ಸ್ವತಃ ಥೊವಾ. ಬೆಳಕು ಹರಿಯುವ ಮುಂಚೆ ಒಬ್ಬರೇ ಬಂದು ಏಡಿ ಸಾರು ಒಂದು ಪೂರ್ತಿ ಬಟ್ಟಲು, ಆಮೇಲೆ ಬೆರಳಿನಷ್ಟು ಸಪೂರದ ಖಾರ ಬ್ರೆಡ್ಡು, ಕೊನೆಗೆ ಹಬೆಯಲ್ಲಿ ಬೆಂದ ಅಕ್ಕಿ ಸುರುಳಿ. ಬೆಲೆ ಕೇಳುವುದಿಲ್ಲ, ತೊಟ್ಟು ಸಾರೂ ಬಿಡುವುದಿಲ್ಲ, ಚಿಲ್ಲರೆಗೆ ಕಾಯಿಸುವುದಿಲ್ಲ. ಎದ್ದು ಹೋಗುವಾಗ ಒಂದು ಒಳ್ಳೆಯ ಮಾತು. ಆಮೇಲೆ ಹೋಟೆಲಿಗೆ ಹೋಗಿ ಪ್ರವಾಸಿಗರನ್ನು ಕರೆದುಕೊಂಡು ಮತ್ತೆ ಅದೇ ಅಂಗಡಿಗಳಿಗೆ ಬರಬೇಕು. ಅವರಿಗೆ ಸಂಕೋಚವಾಗಬಾರದೆಂದು ಅವರ ಜೊತೆ ಕೂತು ಮತ್ತೆ ತಿನ್ನಬೇಕು. ದಿನಕ್ಕೆ ಎರಡು ಸುತ್ತು, ವಾರದ ಕೊನೆಗೆ ಮೂರು.

"ಎಲ್ರೂ ನನ್ನ ಗೈಡ್ ಅಂತಾರೆ," ಎನ್ನುತ್ತಾರೆ ಥೊವಾ. "ನಿಜ ಹೇಳ್ಬೇಕಂದ್ರೆ ನಂದು ತಿನ್ನೋ ಕೆಲಸ. ಹಸಿವಿದ್ರೂ ತಿನ್ನು, ಇಲ್ದಿದ್ರೂ ತಿನ್ನು. ಮನೇಲಿ ಅನ್ನದ ಮುಚ್ಚಳ ತೆಗೆದ್ರೆ ಸಾಕು, ಮುಖ ಆ ಕಡೆ ತಿರುಗಿಸ್ಬಿಡ್ತೀನಿ. ಡಾಕ್ಟ್ರು ಹೊಟ್ಟೆಗೆ ಸ್ವಲ್ಪ ರಜಾ ಕೊಡಿ ಅಂದ್ರು. ಹೊಟ್ಟೆಗೆ ರಜಾ ಕೊಟ್ರೆ ಹೊಟ್ಟೆಪಾಡಿಗೇನು ಮಾಡ್ಲಿ ಅಂದೆ."

ಈಗ ಆ ಕೈ ಬೋಣಿ ಮಾಡುವಂತಿಲ್ಲ. ಅಂಗಿಯ ಎಡಗಡೆ ಪಿನ್ನಿನಲ್ಲಿ ಸಿಕ್ಕಿಸಿದ ಹೆಬ್ಬೆರಳಿನಗಲದ ಕಪ್ಪು ಬಟ್ಟೆಯ ತುಂಡು ಅದನ್ನು ಊರಿಗೆಲ್ಲ ಹೇಳುತ್ತದೆ. ಥೊವಾ ಸೂತಕದಲ್ಲಿದ್ದಾರೆ. ಸೂತಕದವರು ಹಬ್ಬದಲ್ಲಿ ಇನ್ನೊಬ್ಬರ ಹೊಸ್ತಿಲು ತುಳಿಯುವುದಿಲ್ಲ, ಕಾಯಿಲೆ ಬಿದ್ದವರನ್ನು ನೋಡಲು ಹೋಗುವುದಿಲ್ಲ, ಯಾರ ಅಂಗಡಿಗೂ ಮೊದಲ ಗಿರಾಕಿ ಆಗುವುದಿಲ್ಲ. ನೂರನೇ ದಿನದ ಪೂಜೆ ಆಗುವವರೆಗೆ ಹೀಗೆಯೇ ಮೂಲೆಯಲ್ಲಿ ನಿಂತು ಕಾಯಬೇಕು.

"ನನ್ನ ಬ್ರೆಡ್ಡಿಗೂ ಇನ್ನೂ ಬೋಣಿ ಆಗಿಲ್ಲ ಅಕ್ಕ," ಎನ್ನುತ್ತಾನೆ ಪಕ್ಕದಲ್ಲಿ ಇದ್ದಿಲ ಒಲೆಗೆ ಬೀಸಣಿಗೆ ಬೀಸುತ್ತಿರುವ ಲುಕ್. ನಲವತ್ತರ ಆಸುಪಾಸಿನ ಈ ಬ್ರೆಡ್ಡಿನವನಿಗೆ ಬಾಯಿ ಸುಮ್ಮನಿರುವುದಿಲ್ಲ. "ನಾನೇ ಕೊಂಡು ನಾನೇ ತಿನ್ಲಾ ಏನು?"

"ನೀನೇ ಕೊಂಡ್ರೆ ಚೌಕಾಸಿ ಮಾಡ್ತೀಯ. ಸುಮ್ನೆ ಬೀಸು."

ಥೊವಾಗೆ ಈಗ ನಲವತ್ತೇಳು. ಊರು ನಗರದ ದಕ್ಷಿಣಕ್ಕೆ, ಹೊಗೆಸೊಪ್ಪಿಗೆ ಹೆಸರಾದ ವಿನ್ ಬಾವ್. ಹದಿನೆಂಟನೇ ವಯಸ್ಸಿಗೆ ಪೇಟೆಗೆ ಬಂದು ಬೂಟು ಕಾರ್ಖಾನೆ ಸೇರಿದರು. ಅಟ್ಟೆಗೆ ಅಂಟು ಬಳಿಯುವ ಸಾಲಿನಲ್ಲಿ ಯೌವನ ಕಳೆಯಿತು. ಅಂಟಿನ ವಾಸನೆಗೆ ತಲೆ ಸಿಡಿಯಲು ಶುರುವಾಗಿ ಕಣ್ಣು ಮಂಜಾದಾಗ ಕಾರ್ಖಾನೆಯವರು ನಯವಾಗಿ ಮನೆಗೆ ಕಳಿಸಿದರು. ಗಂಡ ಕ್ಯುಯೆತ್ ಮರಳು ಸಾಗಿಸುವ ದೋಣಿಯಲ್ಲಿ ಕೆಲಸಗಾರ. ನದಿಯ ಮೇಲೆ ಹೋದರೆ ವಾರಗಟ್ಟಲೆ ಮುಖ ಕಾಣುವುದಿಲ್ಲ. ಮಗಳು ನರ್ಸಿಂಗ್ ಓದುತ್ತಿದ್ದಾಳೆ. ಮನೆಯ ಖರ್ಚು ನಿಂತಿರುವುದು ಥೊವಾರ ಮಂಡಿಗಳ ಮೇಲೆ, ಮತ್ತು ಆ ಮಂಡಿಗಳು ಮೆಟ್ಟಿಲು ಹತ್ತುವಾಗ ಸದ್ದು ಮಾಡುತ್ತವೆ.

ಇಂಗ್ಲಿಷಿನ ಮೊದಲ ಪಾಠವನ್ನು ಆಕೆ ಕಲಿತದ್ದು ಬೂಟಿನ ಡಬ್ಬಗಳ ಮೇಲೆ. ಎಡ, ಬಲ, ದೊಡ್ಡದು, ಚಿಕ್ಕದು, ಒದ್ದೆ ಮಾಡಬೇಡಿ. ಪಕ್ಕದ ಮನೆಯಾಕೆ ಕೆಲಸ ಮಾಡುತ್ತಿದ್ದ ಹೋಟೆಲಿನಲ್ಲಿ ಒಂದು ದಿನ ಗೈಡ್ ಬಾರದೆ ಹೋದಾಗ, ಬಾ ಎಂದು ಅವಳು ಇವರನ್ನು ಎಳೆದುಕೊಂಡು ಹೋದಳಂತೆ. "ಮೊದಲ ವಾರಕ್ಕೆ ಅಷ್ಟು ಇಂಗ್ಲಿಷೇ ಸಾಕಾಯ್ತು," ಎಂದು ನೆನೆಯುತ್ತಾರೆ. "ಎಡಕ್ಕೆ ಬನ್ನಿ, ಬಲಕ್ಕೆ ಬನ್ನಿ, ದೊಡ್ಡ ಬಟ್ಟಲು ಬೇಕಾ, ಚಿಕ್ಕ ಬಟ್ಟಲು ಬೇಕಾ. ಮಿಕ್ಕಿದ್ದೆಲ್ಲ ಅವರ ಬಾಯಿಂದ್ಲೇ ಕಲಿತೆ." ಪ್ರವಾಸದ ಕಂಪನಿಯವರು ಆಮೇಲೆ ಬಂದರು. ದಾರಿ, ಅಂಗಡಿಗಳು, ನಂಬಿಕೆ ಎಲ್ಲ ಥೊವಾರದು. ಗುರುತಿಗೆಂದು ಎತ್ತಿ ಹಿಡಿಯುವ ಛತ್ರಿಯ ಮೇಲಿನ ಹೆಸರು ಮಾತ್ರ ಕಂಪನಿಯದು.

ಆಕೆಯ ಕೈಗುಣವನ್ನು ಮೊದಲು ಕಂಡುಹಿಡಿದವರು ಏಡಿ ಸಾರಿನ ಮಿಯೆನ್ ದೊಡ್ಡಮ್ಮ. ಅರವತ್ತೆಂಟು ವರ್ಷದ ಈ ಅಜ್ಜಿ ಗಲ್ಲಿಗೆಲ್ಲ ಹಿರಿಯರು, ಅವರು ಕೂತರೆ ಎಲ್ಲರೂ ಕೂತರು, ಎದ್ದರೆ ಎಲ್ಲರೂ ಎದ್ದರು ಎಂಬಂತೆ ಮಿಕ್ಕ ಅಂಗಡಿಗಳು ನಡೆಯುತ್ತವೆ. ಎಷ್ಟೋ ವರ್ಷದ ಹಿಂದೆ ಹೀಗೇ ಒಂದು ಮಳೆಯ ದಿನ ಥೊವಾ ಮೊದಲ ಗಿರಾಕಿಯಾಗಿ ಬಂದು ತಿಂದು ಹೋದರು. ಅವತ್ತು ಪಾತ್ರೆ ಬೇಗ ಖಾಲಿಯಾಯಿತು. ಮಾರನೇ ದಿನ ಇನ್ಯಾರೋ ಬೋಣಿ ಮಾಡಿದರು, ಅರ್ಧ ಪಾತ್ರೆ ಉಳಿಯಿತು. ಮೂರನೇ ದಿನ ದೊಡ್ಡಮ್ಮ ಗಲ್ಲಿಯ ಮೂಲೆಯಲ್ಲಿ ಸೌಟು ಹಿಡಿದೇ ನಿಂತು ಥೊವಾರನ್ನು ತಡೆದರು. "ನೀನು ತಿನ್ನದೆ ಈ ಗಲ್ಲಿ ದಾಟೋ ಹಾಗಿಲ್ಲ" ಎಂದರಂತೆ. ಅಲ್ಲಿಂದ ಶುರುವಾಯಿತು. ಆ ಕೈಗುಣದ ಮೇಲೆಯೇ ಮಿಕ್ಕದ್ದೆಲ್ಲ ನಿಂತಿತು. ಥೊವಾ ಬೋಣಿ ಮಾಡುತ್ತಾರೆಂದೇ ಅವರ ಹಿಂದೆ ಬರುವ ಅರೆಬರೆ ತಿನ್ನುವ ಮಂದಿಯನ್ನು ಗಲ್ಲಿಯವರು ಸಹಿಸಿಕೊಂಡರು.

ತೇತ್ ಹಬ್ಬಕ್ಕೆ ಇನ್ನೂ ಎರಡು ವಾರವಿರುವಾಗ ಒಂದು ಬೆಳಿಗ್ಗೆ ಆದದ್ದನ್ನು ಥೊವಾ ಸುಲಭವಾಗಿ ಹೇಳುವುದಿಲ್ಲ. ಕಂಪನಿಯವರ ಸಂದೇಶಗಳು ಹೊತ್ತುಗೊತ್ತಿಲ್ಲದೆ ಕೂಗುತ್ತವೆಂದು ಮಲಗುವಾಗ ಫೋನ್ ಆರಿಸಿಡುವುದು ಆಕೆಯ ಅಭ್ಯಾಸ. ಅವತ್ತೂ ಹಾಗೆಯೇ ಎದ್ದು ಬಂದು ಏಡಿ ಸಾರು ತಿಂದರು, ಬ್ರೆಡ್ಡು ತಿಂದರು, ಅಕ್ಕಿ ಸುರುಳಿ ತಿಂದರು. ಮೂರು ಬೋಣಿ ಮುಗಿಸಿ, ಪ್ರವಾಸಿಗರನ್ನು ಕರೆತಂದು ಮಿಯೆನ್ ದೊಡ್ಡಮ್ಮನ ಅಂಗಡಿಯಲ್ಲಿ ಕೂರಿಸಿ, ಏಳು ಗಂಟೆಗೆ ಫೋನ್ ಆನ್ ಮಾಡಿದರು. ಊರಿನಿಂದ ತಮ್ಮ ಮತ್ತೆ ಮತ್ತೆ ಕರೆ ಮಾಡಿದ್ದ. ಬಹಳ ದಿನದಿಂದ ಹಾಸಿಗೆ ಹಿಡಿದಿದ್ದ ಅಪ್ಪ ನಸುಕಿಗೂ ಮುಂಚೆಯೇ ತೀರಿಕೊಂಡಿದ್ದರು. ಅಂದರೆ ಆಕೆ ಸೂತಕದ ಕೈಯಲ್ಲಿ, ತನಗೇ ಗೊತ್ತಿಲ್ಲದೆ, ಮೂರು ಅಂಗಡಿಗೆ ಬೋಣಿ ಮಾಡಿಬಿಟ್ಟಿದ್ದರು.

"ಆಫೀಸಿಗೆ ಫೋನ್ ಮಾಡಿದೆ. ಇವತ್ತು ಬೇರೆ ಗೈಡ್ ಇಲ್ಲ, ಕಾಫಿ ಅಂಗಡಿವರೆಗೆ ಮುಗಿಸಿಬಿಡಿ ಅಂದ್ರು. ಮುಗಿಸ್ದೆ. ಇದು ಗದ್ದೆ ಏಡಿ, ಚಿಪ್ಪಿನ ಸಮೇತ ಕುಟ್ಟಿ ಸೋಸ್ತಾರೆ, ಶಾವಿಗೆ ಕೆಂಪಗ್ಯಾಕಿದೆ ಗೊತ್ತಾ, ಅಂತ ದಿನಾ ಹೇಳೋದೆಲ್ಲ ಹೇಳ್ದೆ. ಬಾಯಿ ಅದರ ಪಾಡಿಗೆ ಹೇಳ್ತಿತ್ತು."

ಮಿಯೆನ್ ದೊಡ್ಡಮ್ಮನಿಗೆ ಹೇಳಬೇಕಿತ್ತು. ಹೇಳಿದ್ದರೆ ಒಂದು ಕಾಗದ ಸುಟ್ಟು ನಿವಾಳಿಸಿ ದೋಷ ಕಳೆದುಕೊಳ್ಳುತ್ತಿದ್ದರು. ಆದರೆ ಅವತ್ತು ವ್ಯಾಪಾರ ಜೋರಿತ್ತು, ದೊಡ್ಡಮ್ಮ ಪ್ರವಾಸಿಗರ ಜೊತೆ ಕೈಸನ್ನೆಯಲ್ಲಿ ತಮಾಷೆ ಮಾಡುತ್ತ ನಗುತ್ತಿದ್ದರು. ಥೊವಾಗೆ ಬಾಯಿ ಬರಲಿಲ್ಲ. ಹಾಗೇ ಬಸ್ಸು ಹತ್ತಿ ಊರಿಗೆ ಹೋದರು. ಮಾರನೇ ದಿನ ಕುದಿಯುವ ಪಾತ್ರೆಯನ್ನು ಒಲೆಯಿಂದ ಇಳಿಸುವಾಗ ಅದರ ಹಿಡಿ ಕಿತ್ತು ಬಂತು. ಸಾರೆಲ್ಲ ದೊಡ್ಡಮ್ಮನ ಎಡಗಾಲಿನ ಮೇಲೆ ಚೆಲ್ಲಿತು.

ಅಂತ್ಯಕ್ರಿಯೆ ಮುಗಿಸಿ ಎದೆಯ ಮೇಲೆ ಕಪ್ಪು ಬಟ್ಟೆ ಸಿಕ್ಕಿಸಿಕೊಂಡು ಥೊವಾ ವಾಪಸು ಬಂದಾಗ ಅಂಗಡಿಯಲ್ಲಿ ಇದ್ದವಳು ದೊಡ್ಡಮ್ಮನ ಸೊಸೆ ಸೆನ್. ಅವಳು ಕಪ್ಪು ಬಟ್ಟೆ ನೋಡಿದಳು, ಅಪ್ಪ ತೀರಿಕೊಂಡದ್ದು ಯಾವತ್ತು ಎಂದು ಕೇಳಿದಳು, ಆಮೇಲೆ ಗಲ್ಲಿಯೆಲ್ಲ ಕೇಳುವ ಹಾಗೆ ಕೂಗಿದಳು. "ಗೊತ್ತಿದ್ದೂ ಬಾಯಿ ಮುಚ್ಕೊಂಡು ಹೋದ್ಯಲ್ಲ! ನಮ್ಮತ್ತೆ ಕಾಲು ಬೆಂದು ಹೋಯ್ತು. ನಿನ್ನ ಹೊಟ್ಟೆಗೆ ಎಷ್ಟು ವರ್ಷ ಸಾರು ಹಾಕಿದ್ರು ಅವ್ರು?" ಥೊವಾ ನಿಂತಿದ್ದ ಜಾಗದಲ್ಲೇ ಒಂದು ಹಳೆ ಪೇಪರು ಸುಟ್ಟಳು. ಉರಿ ಆರುವವರೆಗೆ ಥೊವಾ ಅಲ್ಲಾಡದೆ ನಿಂತಿದ್ದರಂತೆ. ಲುಕ್ ಹೇಳಿದ ಮಾತು ಇದು. ಥೊವಾರನ್ನು ಕೇಳಿದರೆ ಬೇರೆ ಮಾತು ತೆಗೆಯುತ್ತಾರೆ.

ಆಕೆಯನ್ನು ಕೊರೆಯುತ್ತಿರುವುದು ಸೆನ್‌ಳ ಬೈಗುಳವಲ್ಲ. ಸಿಟ್ಟು ಬಂದಾಗ ಬೈಯದಿದ್ದರೆ ಹೈಫಾಂಗಿನವರಾಗುವುದು ಹೇಗೆ? ಮಿಯೆನ್ ದೊಡ್ಡಮ್ಮ ಏನೂ ಹೇಳಿಲ್ಲ ಎನ್ನುವುದೇ ಆಕೆಯ ಸಂಕಟ. ಸೂತಕದಲ್ಲಿ ಅವರ ಮನೆಗೆ ಹೋಗುವಂತಿಲ್ಲ. ಲುಕ್ ಕೈಯಲ್ಲಿ ಕಿತ್ತಳೆ ಹಣ್ಣು ಕಳಿಸಿದರು, ಹಣ್ಣು ಮನೆ ಸೇರಿತು, ಉತ್ತರ ಬರಲಿಲ್ಲ. ದೊಡ್ಡಮ್ಮ ಕೈಬಿಟ್ಟರೆ ಗಲ್ಲಿಯೂ ಕೈಬಿಟ್ಟಂತೆ. ಇತ್ತ ಪ್ರವಾಸಿಗರು ಮೂಲೆಯಲ್ಲಿ ಕಾಯಬೇಕಾಯಿತೆಂದು ದೂರು ಬರೆಯುತ್ತಿದ್ದಾರೆ. ಕಂಪನಿಯ ಮ್ಯಾನೇಜರ್, ಮಗಳಿಗಿಂತ ನಾಲ್ಕು ವರ್ಷ ದೊಡ್ಡವನು, ಇವತ್ತು ಮಧ್ಯಾಹ್ನದೊಳಗೆ ತೀರ್ಮಾನ ಹೇಳಿ ಎಂದಿದ್ದಾನೆ. ಜನರನ್ನು ಹೊತ್ತಿಗೆ ಸರಿಯಾಗಿ ಕೂರಿಸಬೇಕು, ಇಲ್ಲದಿದ್ದರೆ ನದಿಯಾಚೆ ಹೊಸ ದಾರಿ ಗೊತ್ತು ಮಾಡುತ್ತಾರೆ, ಅದಕ್ಕೆ ಗೈಡ್ ಕೂಡ ಹೊಸಬರು.

"ಕೆಲಸ ಹೋದ್ರೆ ಇನ್ನೊಂದು. ಪಾತ್ರೆ ತೊಳೀತೀನಿ," ಎನ್ನುತ್ತಾರೆ. ಆಮೇಲೆ, "ಈ ಗಲ್ಲಿ ಹೋದ್ರೆ ಇನ್ನೊಂದು ಎಲ್ಲಿಂದ ತರ್ಲಿ?" ಎಂದು ತಮ್ಮಷ್ಟಕ್ಕೆ ಹೇಳಿಕೊಳ್ಳುತ್ತಾರೆ.

ಆರೂಕಾಲು ದಾಟಿದೆ. ಗಲ್ಲಿಗೆ ಒಂದು ನರಪಿಳ್ಳೆಯೂ ಬಂದಿಲ್ಲ. ಆ ಹೊತ್ತಿಗೆ ಒಂದು ಮೋಟಾರ್ ಬೈಕು ಆ ಕಡೆಯಿಂದ ಬಂದು ಏಡಿ ಸಾರಿನ ಅಂಗಡಿಯ ಮುಂದೆ ನಿಲ್ಲುತ್ತದೆ. ಗಿರಾಕಿಯಲ್ಲ. ಮಗನ ಹೆಗಲು ಹಿಡಿದು, ಎಡಗಾಲಿಗೆ ದಪ್ಪ ಕಾಲುಚೀಲ ಹಾಕಿಕೊಂಡು, ಮಿಯೆನ್ ದೊಡ್ಡಮ್ಮ ನಿಧಾನಕ್ಕೆ ಇಳಿಯುತ್ತಾರೆ. ಕಾಲು ಸುಟ್ಟ ಮೇಲೆ ಅಂಗಡಿಗೆ ಬರುತ್ತಿರುವುದು ಇದೇ ಮೊದಲು. ಥೊವಾರ ಬೆನ್ನು ತಾನಾಗಿ ಗೋಡೆಗೆ ಸರಿಯುತ್ತದೆ. ದೊಡ್ಡಮ್ಮ ಸ್ಟೂಲಿನ ಮೇಲೆ ಕೂತು, ಸಾರಿನ ಮುಚ್ಚಳ ಎತ್ತಿ ಮೂಸಿ, ಉಪ್ಪು ಸಾಲದು ಎಂದು ಸೊಸೆಗೆ ಹೇಳಿ, ಆಮೇಲೆ ತಲೆ ಎತ್ತಿ ಗಲ್ಲಿಯ ಮೂಲೆ ನೋಡುತ್ತಾರೆ.

"ಏ ಥೊವಾ! ಅಲ್ಲೇನೇ ಕೊಕ್ಕರೆ ಹಾಗೆ ನಿಂತಿದ್ದೀಯ?"

"ಯಾರಾದ್ರೂ ಬರ್ಲಿ ದೊಡ್ಡಮ್ಮ. ಆಮೇಲೆ ಬರ್ತೀನಿ."

"ಈ ಮಳೇಲಿ ಯಾರೇ ಬರ್ತಾರೆ? ಆ ಬಿಳೀ ಮುದುಕ ಚಳೀಲಿ ಸತ್ತೇ ಹೋಗ್ತಾನೆ. ಬಾ ಇಲ್ಲಿ."

"ಅತ್ತೆ, ಬೇಡ," ಸೆನ್ ತಡೆಯುತ್ತಾಳೆ. "ಅವರ ಎದೆ ಮೇಲೆ ನೋಡಿ."

"ನನ್ನ ಕಾಲು ಸುಟ್ಟಿರೋದು ಕಣೇ, ಕಣ್ಣಲ್ಲ. ಬಾ ಅಂದೆ ಥೊವಾ."

ಥೊವಾ ಹೋಗುತ್ತಾರೆ. ಅಂಗಡಿಯ ಒಳಗಲ್ಲ, ತಾಡಪಾಲಿನ ನೆರಳು ಮುಗಿಯುವ ಅಂಚಿಗೆ, ಮಳೆಯಲ್ಲೇ ನಿಲ್ಲುತ್ತಾರೆ. ಪ್ರವಾಸಿಗರು ನಾಲ್ವರೂ ಏನೋ ನಡೆಯುತ್ತಿದೆ ಎಂದು ಅರಿತು ಹಿಂದೆಯೇ ಬಂದು ಸುಮ್ಮನೆ ನಿಂತಿದ್ದಾರೆ.

"ಅವತ್ತು ಬೆಳಿಗ್ಗೆ ತಿನ್ನೋವಾಗ ನಿನಗೆ ಗೊತ್ತಿತ್ತಾ?"

"ಇಲ್ಲ ದೊಡ್ಡಮ್ಮ. ಏಳು ಗಂಟೆಗೆ ಗೊತ್ತಾಗಿದ್ದು."

"ಗೊತ್ತಾದ್ಮೇಲೆ ಯಾಕೆ ಹೇಳ್ಲಿಲ್ಲ?"

"ನೀವು ನಗ್ತಾ ಇದ್ರಿ."

"ನಕ್ರೆ ಏನೀಗ? ಹೇಳಿದ್ರೆ ಒಂದು ಕಾಗದ ಸುಟ್ಟು ಕೈ ತೊಳ್ಕೊತಿದ್ದೆ. ತಪ್ಪು ನಿಂದೇ."

"ನಂದೇ ದೊಡ್ಡಮ್ಮ."

"ಹ್ಞಾಂ. ಅದನ್ನ ಬಾಯಿಬಿಟ್ಟು ಹೇಳೋದಕ್ಕೆ ಇಷ್ಟು ದಿನ ಬೇಕಾಯ್ತಾ? ಕಿತ್ತಳೆ ಹಣ್ಣು ಕಳಿಸ್ತಾಳಂತೆ! ಹುಳಿ, ಬಾಯಲ್ಲಿ ಇಡೋಕಾಗ್ಲಿಲ್ಲ."

ಲುಕ್ ಬೀಸಣಿಗೆ ನಿಲ್ಲಿಸಿ ಇತ್ತಲೇ ನೋಡುತ್ತಿದ್ದಾನೆ. ದೊಡ್ಡಮ್ಮ ಸುಟ್ಟ ಕಾಲನ್ನು ಎರಡೂ ಕೈಯಲ್ಲಿ ಎತ್ತಿ ಇನ್ನೊಂದು ಸ್ಟೂಲಿನ ಮೇಲೆ ಇಟ್ಟುಕೊಳ್ಳುತ್ತಾರೆ. ಮುಖ ಹಿಂಡಿಕೊಳ್ಳುತ್ತದೆ. ನೋವು ಇನ್ನೂ ಪೂರ್ತಿ ಹೋಗಿಲ್ಲ.

"ನಿಮ್ಮಪ್ಪ ಯಾವತ್ತಾದ್ರೂ ನನ್ನ ಅಂಗಡಿಗೆ ಬಂದಿದ್ರಾ?"

"ಇಲ್ಲ. ಎಷ್ಟು ಸಲ ಕರೆದೆ. ಪೇಟೆ ಊಟ ಮೈಗೆ ಆಗಲ್ಲ ಅಂತಿದ್ರು. ಮಗಳಿಗೆ ಖರ್ಚು ಅಂತ ಅಷ್ಟೇ."

"ಸೆನ್, ಒಂದು ಬಟ್ಟಲು ಮಾಡು. ಪೂರ್ತಿ. ಪಾತ್ರೆ ಮೇಲೆ ತೇಲೋ ಏಡಿ ಕೆನೆ ಹಾಕು."

"ಯಾರಿಗೆ ಅತ್ತೆ?"

"ಗಿರಾಕಿ ಬಂದಿದ್ದಾರೆ, ಮಾಡು ಅಂದ್ರೆ ಮಾಡೇ."

ಸೆನ್ ಮಾಡುತ್ತಾಳೆ. ಮೂತಿ ದಪ್ಪಗಿದೆ, ಆದರೆ ಕೈ ತಪ್ಪುವುದಿಲ್ಲ. ಕಂದುಗೆಂಪು ಶಾವಿಗೆ, ಅದರ ಮೇಲೆ ಸಾರು, ಸೊಪ್ಪು, ಏಡಿ ಮಾಂಸದ ಕೆನೆ, ಹುರಿದ ಈರುಳ್ಳಿ. ದೊಡ್ಡಮ್ಮ ಆ ಬಟ್ಟಲನ್ನು ತಮ್ಮ ಎದುರಿನ ಖಾಲಿ ಜಾಗದಲ್ಲಿ, ಗಲ್ಲಿಗೆ ಮುಖ ಮಾಡಿ ಇಡುತ್ತಾರೆ. ಊಟದ ಕಡ್ಡಿಗಳನ್ನು ಪಕ್ಕದಲ್ಲಿ ಜೋಡಿಸುತ್ತಾರೆ. ಮೂಲೆಯ ದೇವರ ಪೆಟ್ಟಿಗೆಯಿಂದ ಮೂರು ಅಗರಬತ್ತಿ ತರಿಸಿ ಹಚ್ಚಿ, ಅಕ್ಕಿ ತುಂಬಿದ ಲೋಟದಲ್ಲಿ ಚುಚ್ಚುತ್ತಾರೆ.

"ಹೆಸರೇನು ಅವರದು?"

"ಖೋಯ್."

"ಖೋಯ್ ಅಣ್ಣಾ," ಎನ್ನುತ್ತಾರೆ ದೊಡ್ಡಮ್ಮ, ಎದುರಿನ ಸ್ಟೂಲಿಗೆ, ಪಕ್ಕ ಕೂತವರಿಗೆ ಹೇಳುವಷ್ಟೇ ಸಹಜವಾಗಿ. "ಹೊರಗೆ ಮಳೆ ಇದೆ, ಒಳಗೆ ಬಂದು ಕೂತ್ಕೊಳ್ಳಿ. ವಿನ್ ಬಾವ್‌ನಿಂದ ಇಲ್ಲಿವರೆಗೆ ನಡ್ಕೊಂಡು ಬಂದು ಸುಸ್ತಾಗಿರತ್ತೆ. ನಿಮ್ಮ ಮಗಳು ನನ್ನ ಅಂಗಡೀಲಿ ಎಷ್ಟು ತಿಂದಿದ್ದಾಳೋ ಲೆಕ್ಕ ಇಲ್ಲ. ಇವತ್ತು ನಂಗೆ ನೀವು ಬೋಣಿ ಮಾಡಿಕೊಡಿ." ಆಮೇಲೆ ಸೊಸೆಯ ಕಡೆ ತಿರುಗಿ, "ಸೂತಕ ಬದುಕಿರೋರಿಗೆ. ಸತ್ತವರಿಗೆ ಎಂಥ ಸೂತಕ? ಅವರ ಕೈ ಯಾವ ದೋಷಾನೂ ಇಲ್ಲದ ಕೈ. ಇನ್ನೇನು ಬೇಕು ನಿಂಗೆ?"

ಈ ಗಲ್ಲಿಯಲ್ಲಿ ಹೀಗೆ ಯಾರೂ ಬೋಣಿ ಮಾಡಿಸಿದ್ದು ಇಲ್ಲ. ಹಾಗೆ ಮಾಡಬಾರದು ಎಂಬ ನೇಮವೂ ಇಲ್ಲ.

"ನಿಮ್ಮಪ್ಪ ಸಾಲ ಹೇಳೋ ಜನಾನೇನೇ?" ದೊಡ್ಡಮ್ಮ ಕೇಳುತ್ತಾರೆ. ಥೊವಾ ತಡಬಡಾಯಿಸಿ ಚೀಲದಿಂದ ನೋಟು ತೆಗೆದು ಕೊಡಲು ಹೋದರೆ, "ಕೈಗೆ ಬೇಡ, ಬಟ್ಟಲ ಕೆಳಗಿಡು" ಎನ್ನುತ್ತಾರೆ. ಥೊವಾ ಇಡುತ್ತಾರೆ. ಅಗರಬತ್ತಿ ಉರಿದು ಮುಗಿಯುವವರೆಗೆ ಎಲ್ಲರೂ ಕಾಯುತ್ತಾರೆ. ಹಾಲೆಂಡಿನ ಮುದುಕ ಎತ್ತಿದ್ದ ಕ್ಯಾಮೆರಾ ಕೆಳಗಿಳಿಸಿದ್ದಾನೆ. ಕೊರಿಯಾದ ಹುಡುಗಿಯರಲ್ಲಿ ಒಬ್ಬಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ, ಅವಳು ಮಳೆಯಂಗಿಯ ಟೊಪ್ಪಿ ಸರಿಸಿ ಆ ಬಟ್ಟಲಿಗೆ ಬಗ್ಗಿ ನಮಸ್ಕಾರ ಮಾಡುತ್ತಾಳೆ.

ಬೂದಿ ಉದುರಿದ ಮೇಲೆ ದೊಡ್ಡಮ್ಮ ಬಟ್ಟಲ ಕೆಳಗಿನ ನೋಟು ಎಳೆದು ಸೊಂಟದ ಚೀಲಕ್ಕೆ ಸೇರಿಸುತ್ತಾರೆ. ಬಟ್ಟಲನ್ನು ಥೊವಾರ ಕಡೆ ತಳ್ಳುತ್ತಾರೆ. "ಎಡೆ ಆಯ್ತು. ಅಪ್ಪನ ಪ್ರಸಾದ, ಬಿಡಬಾರದು. ಕೂತ್ಕೊಂಡು ತಿನ್ನು. ಏ, ನೀವೆಲ್ಲ ಏನು ನೋಡ್ತಿದ್ದೀರಿ, ಬನ್ನಿ ಕೂತ್ಕೊಳ್ಳಿ," ಎಂದು ನಾಲ್ವರಿಗೂ ಕೈಬೀಸುತ್ತಾರೆ.

ಶಾವಿಗೆ ನೆನೆದು ಊದಿದೆ, ಸಾರು ಆರಿದೆ. ಥೊವಾ ಒಂದೊಂದೇ ಎಳೆ ಎತ್ತಿ ತಿನ್ನುತ್ತಾರೆ. ಅರ್ಧಕ್ಕೆ ಬಂದಾಗ ಅಳು ಬರುತ್ತದೆ. ಅಪ್ಪ ಹೋದ ದಿನ ನಗುನಗುತ್ತ ಏಡಿಯ ಕಥೆ ಹೇಳಿದವರು, ಮಣ್ಣು ಮಾಡುವಾಗಲೂ ತಮ್ಮನನ್ನು ಹಿಡಿದುಕೊಂಡು ಗಟ್ಟಿ ನಿಂತವರು, ಈಗ ಅಪರಿಚಿತರ ನಡುವೆ ಗಿಡ್ಡ ಸ್ಟೂಲಿನ ಮೇಲೆ ಕೂತು ಮೂಗು ಸೋರಿಸಿಕೊಂಡು ಅಳುತ್ತಾರೆ. ಹಾಲೆಂಡಿನ ಹೆಂಗಸು ಕಾಗದದ ಕರವಸ್ತ್ರ ಮುಂದೆ ಹಿಡಿಯುತ್ತಾಳೆ. ದೊಡ್ಡಮ್ಮ ನೋಡದವರ ಹಾಗೆ ಸೊಪ್ಪು ಬಿಡಿಸುತ್ತಿರುತ್ತಾರೆ. ಬಹಳ ದಿನದ ಮೇಲೆ ಊಟಕ್ಕೆ ರುಚಿ ಇತ್ತು ಎಂದು ಥೊವಾ ಆಮೇಲೆ ಹೇಳುತ್ತಾರೆ. ಬಟ್ಟಲಲ್ಲಿ ಒಂದು ತೊಟ್ಟೂ ಉಳಿಯಲಿಲ್ಲ.

ಸುತ್ತಾಟ ಎಂದಿನಂತೆ ಮುಂದುವರಿಯುತ್ತದೆ. ಅಷ್ಟು ಹೊತ್ತಿಗೆ ದಾರಿಹೋಕರು ಬಂದು ಬೋಣಿ ಮಾಡಿದ್ದ ಲುಕ್‌ನ ಬ್ರೆಡ್ಡು, ಅಕ್ಕಿ ಸುರುಳಿ, ಮಾರುಕಟ್ಟೆಯ ಒಳದಾರಿ, ಕೊನೆಗೆ ತೆಂಗಿನಹಾಲಿನ ಕಾಫಿ. ಮಂಡಿ ನೋಯುತ್ತದೆ, ಮಳೆ ಬಿಡುವುದಿಲ್ಲ. ಎಡಕ್ಕೆ ಬನ್ನಿ, ಬಲಕ್ಕೆ ಬನ್ನಿ. ಕಾಫಿ ಅಂಗಡಿಯ ಮೆಟ್ಟಿಲ ಮೇಲೆ ಕೂತು ಮ್ಯಾನೇಜರನಿಗೆ ಎರಡೇ ಮಾತಿನ ಸಂದೇಶ ಕಳಿಸುತ್ತಾರೆ: ದಾರಿ ಅದೇ, ಗೈಡೂ ನಾನೇ.

ಮುಂದಿನ ಆಸೆ ಏನು ಎಂದು ಕೇಳಿದರೆ ಥೊವಾ ಯೋಚಿಸುವುದೇ ಇಲ್ಲ. "ನಿದ್ದೆ. ನೂರನೇ ದಿನದ ಪೂಜೆ ಆದ್ಮೇಲೆ ಒಂದು ದಿನ ಪೂರ್ತಿ ಮಲಗ್ಬೇಕು. ಯಾರೂ ತಿನ್ನು ಅನ್ನಬಾರದು."

ಹತ್ತು ಗಂಟೆಗೆ ಛತ್ರಿ ಮಡಚಿಕೊಂಡು ಮನೆಗೆ ಹೋಗುವಾಗ ಮತ್ತೆ ಅದೇ ಗಲ್ಲಿ. ಏಡಿ ಸಾರಿನ ಅಂಗಡಿ ಎತ್ತುವ ಹೊತ್ತು. ದೊಡ್ಡಮ್ಮ ಮನೆಗೆ ಹೋಗಿಯಾಗಿದೆ, ಸೆನ್ ಒಬ್ಬಳೇ ಪಾತ್ರೆಯನ್ನು ಬಗ್ಗಿಸಿ ತಳ ಉಜ್ಜುತ್ತಿದ್ದಾಳೆ. ಥೊವಾ ತಲೆ ತಗ್ಗಿಸಿ ದಾಟಿಹೋಗಲು ನೋಡುತ್ತಾರೆ. ಕಾಲು ನಿಲ್ಲುತ್ತದೆ.

"ವ್ಯಾಪಾರ ಹೇಗಾಯ್ತು?"

"ಜೋರೇನಿಲ್ಲ. ಈ ಮಳೇಗೆ ಪರವಾಗಿಲ್ಲ," ಎನ್ನುತ್ತಾಳೆ ಸೆನ್, ಪಾತ್ರೆಯಿಂದ ಮುಖ ಎತ್ತದೆ. ಉಜ್ಜಿದ ಪಾತ್ರೆಯನ್ನು ಗೋಡೆಗೆ ಒರಗಿಸುತ್ತಾಳೆ. "ನಾಳೆನೂ ನಿಮ್ಮಪ್ಪನ್ನ ಕರ್ಕೊಂಡು ಬಾ ಅಕ್ಕ."

"ಬರ್ತಾರೆ," ಎನ್ನುತ್ತಾರೆ ಥೊವಾ. "ಊರಲ್ಲಿ ಈಗ ಅವರಿಗೇನು ಕೆಲಸ?"